ರಾಯಚೂರಿನ ಡ್ರಾ ಹೊತಗೊಂಡು ಯಾದಗಿರಿಗೆ

ಮುಂಜಾನಿ ಏಳಕ್ಕ ಕೆಂಭಾವಿ ಬಸ್‌ಸ್ಟ್ಯಾಂಡಿನಾಗ ಸುರಪುರ ಬಸ್ ಹತ್ತುವಾಗ ನಾ ಮಾರಿತನಕ ಶಾಲು ಸುತಗೊಂಡಿದ್ದೆ. ಥಂಡಿ ಭಾಳ ಐತಿ ಅಂತ ಕಂಡಕ್ಟರಗ ಹೇಳಿದೆ. ಥಂಡಿ ಅಲ್ಲ, ಅಂಜಿಕಿ.

ನಾ ಯಾರಂತ ನಮ್ಮ ಸೀಮಿಯವರಿಗೆ ಹೇಳೋದು ಬ್ಯಾಡ. ದೂರದವರು ಓದ್ತೀರಿ ಅಂತ ಹೇಳ್ತೀನಿ. ಕೆನಾಲಿಗೆ ನೀರು ಬಂದ ವರ್ಷದಿಂದ ರಿಟೈರ್ ಆಗೋತನಕ ಗೇಟ್ ಎತ್ತೋದು, ಇಳಸೋದು ನನ್ನ ನೌಕರಿ. ಹೊಸದಾಗಿ ಬಂದ ಇಂಜಿನಿಯರ್ ಒಬ್ಬಗ ಕೆನಾಲದಾಗ ಮೊಸಳಿ ಬಂದಾವ ಅಂತ ನಂಬಿಸಿ, ತಿಂಗಳಗಟ್ಲೆ ದಂಡಿಗೆ ಸುಳಿಯದಂಗ ಮಾಡಿದ ಮನಷಾ ನಾನು. ಸುಳ್ಳಿನಾಗ ನನ್ನ ಮೀರಸಾಂವ ಇನ್ನ ಹುಟ್ಟಬೇಕು. ಆದ್ರ ಒಂದು ಸುಳ್ಳು ಇಪ್ಪತ್ತು ವರ್ಷದಾಗ ಬೆಳದು ನನಗಿಂತ ಎತ್ತರ ಆಗಿಬಿಟ್ಟಿತ್ತು. ರಾಯಚೂರಿನಾಗ ಒಬ್ಬ ಚೆಸ್ ಗ್ರ್ಯಾಂಡ್‌ಮಾಸ್ಟರನ ಜೋಡಿ ಆಡಿ ಡ್ರಾ ಮಾಡಿ ಬಂದೀನಿ ಅಂತ ಹೇಳಿದ್ದೆ. ಆಡಿದ್ದು ಖರೆ. ಡ್ರಾ ಆಗಿದ್ದು ಸುಳ್ಳು.

ಈ ಸುಳ್ಳು ಎಲ್ಲಾರಕಿಂತ ಹೆಚ್ಚು ನಂಬಿದಾಂವ ದೇವಿಂದ್ರಪ್ಪ ಮಾಸ್ತರ. ರಿಟೈರ್ ಆದ ಸಾಲಿ ಮಾಸ್ತರ, ದಿನಾ ನನ್ನ ಜೋಡಿ ಶತ್ರಂಜ್, ಅಂದ್ರ ಚೆಸ್, ಆಡಾಂವ. ತನ್ನ ಸಾಲಿ ಹುಡುಗರಿಗೂ ನನ್ನ ಡ್ರಾ ಪಾಠದಂಗ ಹೇಳ್ಯಾನ. ಊರಾಗ ಉಳಿದವರು ಮೊಬೈಲ್ ಹಿಡಕೊಂಡು ಕುಂತಾರ. ಮಾಸ್ತರ ಮುನಿಸಿಕೊಂಡು ಬಿಟ್ಟುಹೋದ್ರ ನನ್ನ ಮುಂದ ಕುಂದ್ರಾಕ ಒಂದು ನರಪಿಳ್ಳಿ ಇಲ್ಲ. ಹೋದ ವಾರ ಅವ ಪೇಪರ್ ಹಿಡಕೊಂಡು ಓಡಿ ಬಂದ. ಅದ ಗ್ರ್ಯಾಂಡ್‌ಮಾಸ್ಟರ್ ಯಾದಗಿರಿಗೆ ಬರ್ತಾರ, ಒಂದ ಹೊತ್ತಿಗೆ ಮೂವತ್ತು ಮಂದಿ ಜೋಡಿ ಆಡ್ತಾರ, ಹೋಗಿ ಭೆಟ್ಟಿ ಆಗಲೇಬೇಕು ಅಂದ. ಅವತ್ತಿನಿಂದ ನಾ ಹೋಗದಂಗ ನೆಪ ಹುಡಕಾಕತ್ತಿದ್ದೆ.

ಬಸ್ಸು ಕೆನಾಲ್ ದಾಟಿ ಭತ್ತದ ಗದ್ದಿ ನಡುವ ಹೊಂಟಿತ್ತು. ಮ್ಯಾಲೆ ಬೋನಾಳ ಕೆರಿ ಕಡಿ ಹಕ್ಕಿ ಸಾಲು ಹೊಂಟಿದ್ದವು. ಮಾಸ್ತರ ಪೇಪರ್ ಬಿಚ್ಚಿ ಗ್ರ್ಯಾಂಡ್‌ಮಾಸ್ಟರ್ ಸಾಹೇಬ್ರ ಚರಿತ್ರಿ ಓದಾಕ ಶುರು ಮಾಡಿದ. ತಂದಿ ರೈಲ್ವೆದಾಗ ಪಾಯಿಂಟ್ಸ್‌ಮನ್. ಗ್ರ್ಯಾಂಡ್‌ಮಾಸ್ಟರ್ ಅನಸ್ಕೋಬೇಕಂದ್ರ ಮೂರು ದೊಡ್ಡ ಪಂದ್ಯದಾಗ ಆ ತೂಕದ ಆಟ ತೋರಸಬೇಕಂತ. ಎರಡು ಲಗೂನ ಆದವು, ಮೂರನೇದು ಎರಡು ಸಲ ಅರ್ಧ ಪಾಯಿಂಟಿಗೆ ತಪ್ಪಿತು. ಆರು ವರ್ಷ ಬ್ಯಾಂಕಿನಾಗ ಕ್ಲರ್ಕ್ ಕೆಲಸ ಮಾಡಕೋತ, ರಜಾ ಹಾಕಿ ಹಾಕಿ ಆಡಿ, ಕಡೀಕ ಹಂಗೇರಿ ದೇಶದಾಗ ಗೆದ್ದು ಪದವಿ ತಂದ್ರು. ನನಗ ಅವ್ರ ಮ್ಯಾಲೆ ಕನಿಕರ ಬರಾಕತ್ತಿತ್ತು. ಅಷ್ಟರಾಗ ಸುರಪುರ ಬಂತು.

ಸುರಪುರ ಬಸ್‌ಸ್ಟ್ಯಾಂಡಿನಾಗ ಚುರುಮುರಿ ಸುಸಲಾ, ಮಿರ್ಚಿ ತಿಂದ್ವಿ. ಅಂದ್ರ ಮಾಸ್ತರ ತಿಂದ. ನಾ ಹೊಟ್ಟಿ ಹಿಡಕೊಂಡು, ಜೀವ ಹೊಂಟೈತಿ, ತಿರುಗಿ ಹೋಗೂಣು ಅಂದೆ. ಅವ ಚೀಲದಾಗಿಂದ ಅಜವಾನದ ಪುಡಿ ತಗದು ನನ್ನ ಬಾಯಿಗೆ ಹಾಕಿದ. ಎಲ್ಲಾ ತಯಾರಿ ಮಾಡಕೊಂಡ ಬಂದಿದ್ದ ಕಳ್ಳ.

ಶಹಾಪುರ ಬಸ್ಸಿನಾಗ ಪೇಪರಿನ ಎರಡನೇ ಕಾಲಂ. ಒಲಿಂಪಿಯಾಡಿನಾಗ ದೇಶದ ಪರವಾಗಿ ನಾಕು ಸಲ ಆಡ್ಯಾರ. ಮೊದಲಿನ ವಿಶ್ವ ಚಾಂಪಿಯನ್ ಒಬ್ಬನ್ನ ಕರೇ ಕಾಯಿ ಹಿಡದು ಸೋಲಿಸ್ಯಾರ. ಕಣ್ಣಿಗೆ ಬಟ್ಟಿ ಕಟಗೊಂಡು ಹತ್ತು ಬೋರ್ಡ್ ಆಡ್ತಾರ. ಅಲ್ಲಿಗೆ ಮಾಸ್ತರ ಚಾಳೀಸು ಸರಿ ಮಾಡಕೊಂಡು, ಎದಿ ಉಬ್ಬಿಸಿ ಓದಿದ:

“ಇಲ್ಲಿ ಕೇಳ್ರಿ ಶರಣಣ್ಣ. ತಾವು ಆಡಿದ ಒಂದು ಆಟನೂ ಅವರು ಮರತಿಲ್ಲಂತ. ಅಂದ್ರ ನಿಮ್ಮದೂ ನೆನಪಿರ್ತದ.”

ನಾ ಮಾರಿ ಕಿಟಕಿ ಕಡಿ ತಿರುವಿದೆ. ಕಿಟಕಿ ಹೊರಗ ಶಹಾಪುರ ಗುಡ್ಡ ಬುದ್ಧ ಮಲಗಿದಂಗ ಕಾಣತಿತ್ತು. ಆಡಿದ್ದು, ಸೋತಿದ್ದು ಏನೂ ಇಲ್ಲದಂಗ ಆರಾಮ ಮಲಗ್ಯಾನ ಪುಣ್ಯಾತ್ಮ ಅಂತ ಹೊಟ್ಟಿಕಿಚ್ಚಾತು.

ಶಹಾಪುರದಾಗ ಬಸ್ ಬದಲಿ. ಮಾಸ್ತರ ನೀರಿಗೆ ಹೋದ ಹೊತ್ತಿನಾಗ ನಾ ಕಲಬುರಗಿ ಬಸ್ ನೋಡಿ ಸೀಟ್ ಹಿಡದೆ, ಇದ ಯಾದಗಿರಿದು ಅಂತ ಅವನ್ನೂ ಹತ್ತಿಸಿದೆ. ಎಂಥಾ ಹುನ್ನಾರ ನೋಡ್ರಿ. ಸಂಜಿತನಕ ಕಲಬುರಗಿಯಾಗ ಅಡ್ಡಾಡಿ ಬರಬಹುದಿತ್ತು. ಆದ್ರ ಟಿಕೀಟ್ ಕೇಳಿದ ಕಂಡಕ್ಟರ್, ಯಾದಗಿರಿ ಬಸ್ ಆ ಬಾಜೂ ನಿಂತಾದ, ಇಳೀರಿ ಮುತ್ಯಾ ಅಂತ ಇಬ್ಬರನ್ನೂ ಕೆಳಗ ಇಳಿಸಿದ. ವಯಸ್ಸಾತು ಶರಣಣ್ಣ, ಬೋರ್ಡ್ ಕಾಣಸವಲ್ದು ಅಂತ ಮಾಸ್ತರ ನನ್ನ ಕೈ ಹಿಡದು ನಡಿಸಿದ. ಆ ಕೈ ಹಿಡದದ್ದು ನನಗ ಬೈದಿದ್ದಕಿಂತ ಕಷ್ಟ ಆತು.

ಅಲ್ಲಿಂದ ಮೂವತ್ತು ಚಿಲ್ಲರೆ ಕಿಲೋಮೀಟರ್. ಭೀಮಾ ನದಿ ಸೇತುವಿ ಮ್ಯಾಲೆ ಬಸ್ಸು ಒಂದಿಷ್ಟು ನಿಂತಾಗ, ಇಲ್ಲೇ ಎಲ್ಲಾ ಹೇಳಿಬಿಡಲೇನು ಅನಸ್ತು. ಬಾಯಿ ತಗದೆ. ಬಿಸಲು ಏರಾಕತ್ತೈತಿ ಅಂದೆ ಅಷ್ಟ.

ಯಾದಗಿರಿ ಕಲ್ಯಾಣ ಮಂಟಪದಾಗ ಮೂವತ್ತು ಬೋರ್ಡ್ ಉದ್ದಕ್ಕ ಹಾಕಿದ್ರು. ವಕೀಲರು, ಕಾಲೇಜ್ ಹುಡುಗ್ಯಾರು, ಸೈದಾಪುರದಿಂದ ಬಂದ ಕಾರಖಾನಿ ಮಂದಿ ಬಗ್ಗಿಕೊಂಡು ಕುಂತಿದ್ರು. ನಡುವ ಗ್ರ್ಯಾಂಡ್‌ಮಾಸ್ಟರ್. ಕೂದಲು ಬೆಳ್ಳಗಾಗಿದ್ದು ಬಿಟ್ರ ಅದ ಮನಷಾ. ಒಂದು ಬೋರ್ಡಿಗೆ ನಿಂತು, ಒಂದು ಕಾಯಿ ಸರಿಸಿ, ಮುಂದಕ್ಕ ಹೋಗಾಂವ. ನಾ ಕಂಬದ ಹಿಂದ ನಿಂತೆ. ಎರಡು ತಾಸಿನಾಗ ಇಪ್ಪತ್ತೆಂಟು ಮಂದಿ ಸೋತ್ರು, ಇಬ್ಬರದು ಡ್ರಾ. ಆ ಇಬ್ಬರ ಸುತ್ತ ಮಂದಿ ಮುತ್ತಿ ಫೋಟೋ ತಗಿಯೋದು ನೋಡಿ ನಾ ಕಂಬಕ್ಕ ಇನ್ನಷ್ಟು ಅಂಟಕೊಂಡೆ.

ಮಾಸ್ತರ ನನ್ನ ರಟ್ಟಿ ಹಿಡದು ಎಳಕೊಂಡು ಹೋದ. ಸಾಹೇಬ್ರ ಮುಂದ ನಿಂದ್ರಿಸಿ, ರಾಯಚೂರಿನಾಗ ನಿಮ್ಮ ಜೋಡಿ ಆಡಿದ ಶರಣಪ್ಪ, ಗುರ್ತು ಸಿಕ್ಕಿತೇನ್ರಿ ಅಂತ ಕೇಳಿದ. ಅವರು ನನ್ನ ಮಾರಿ ನೋಡಿದ್ರು. ಆಮ್ಯಾಲೆ ನನ್ನ ಕೈ ನೋಡಿದ್ರು. ಗೇಟಿನ ಚಕ್ರ ತಿರುವುವಾಗ ತುಂಡಾದ ಕಿರುಬೆರಳಿನ ಮೋಟೇ ನನ್ನ ಗುರ್ತು.

“ರಾಜನನ್ನ ಕುದುರೆ ಥರ ಹಾರಿಸಿದವರು ನೀವೇ ಅಲ್ವಾ?” ಅಂದ್ರು.

ಮುಗೀತು ಅಂದ್ಕೊಂಡೆ. ನಮ್ಮ ಕಡಿ ಹಳೇ ಆಟದಾಗ ರಾಜಗ ಒಂದು ಹಕ್ಕು ಐತಿ. ಅವಗ ಇನ್ನ ಶಹ, ಅಂದ್ರ ಚೆಕ್, ಬಿದ್ದಿರಲಿಲ್ಲಂದ್ರ ಆಟದಾಗ ಒಮ್ಮಿ ಕುದುರಿಗತ್ಲೆ ಜಿಗೀಬಹುದು. ನನ್ನ ಮುತ್ಯಾ ಹಂಗ ಕಲಿಸಿದ್ದ. ರಾಯಚೂರಿನಾಗ ನಾನೂ ಜಿಗಿಸಿದೆ. ಇದು ನಡೆಯಲ್ಲ ಅಂದಿದ್ರು ಇವರು. ಬಾಜೂ ಕುಂತವರು ನಕ್ಕಿದ್ರು. ನಾ ಚಪ್ಪಲಿ ಬಿಟ್ಟು, ಬೋರ್ಡ್ ಬಿಟ್ಟು ಎದ್ದು ಓಡಿದ್ದೆ.

ಸಾಹೇಬ್ರು ನಗಲಿಲ್ಲ. ಅದಾದ ಮ್ಯಾಲೆ ಹೈದರಾಬಾದಿನಾಗ ಒಬ್ಬ ಹಿರಿಯರು ಆ ಹಳೇ ಕಾಯಿದೆ ತಿಳಿಸಿ ಹೇಳಿದರಂತ. ಅವತ್ತು ನನಗ ಗೊತ್ತಿರಲಿಲ್ಲ, ನಿಮಗ ಅವಮಾನ ಮಾಡಿದೆ, ಆ ಆಟ ನನ್ನ ಲೆಕ್ಕದಾಗ ಇನ್ನ ಮುಗಿದಿಲ್ಲ ಅಂದ್ರು.

ಮಾಸ್ತರಗ ಗೊಂದಲ ಆತು. “ಮುಗಿದಿಲ್ಲಂದ್ರ? ಡ್ರಾ ಆಗಿತ್ತಲ್ರಿ?”

ಸಾಹೇಬ್ರು ನನ್ನ ನೋಡಿದ್ರು, ಎಲ್ಲಾ ತಿಳೀತು ಅವರಿಗೆ. “ಅದನ್ನ ಅವರೇ ಹೇಳಬೇಕು,” ಅಂದ್ರು.

ಇನ್ನೊಂದು ಸುಳ್ಳು ನಾಲಿಗಿ ತುದಿಮ್ಯಾಲೆ ತಯಾರಿತ್ತು. ಅವರು ತಡೀತಿದ್ದಿಲ್ಲ. ಆದ್ರ ಮಾಸ್ತರ ಇನ್ನ ನನ್ನ ರಟ್ಟಿ ಹಿಡದ ನಿಂತಿದ್ದ.

“ಡ್ರಾ ಆಗಿಲ್ಲ ಮಾಸ್ತರ. ಅರ್ಧಕ್ಕ ಎದ್ದು ಓಡಿ ಬಂದೆ. ನಿನಗ ಸುಳ್ಳು ಹೇಳೀನಿ.”

ಅವ ರಟ್ಟಿ ಬಿಟ್ಟ. ಸಾಹೇಬ್ರು ನೆನಪಿನ ಮ್ಯಾಲೆ ಕಾಯಿ ಇಟ್ರು, ಒಂಟಿ, ಆನಿ, ಪ್ಯಾದಿ ಎಲ್ಲಾ ಅವತ್ತು ಎಲ್ಲಿದ್ದವೋ ಅಲ್ಲೇ. ಈಗ ರಾಜನ್ನ ಹಾರಿಸ್ರಿ, ಒಪ್ಕೋತೀನಿ ಅಂದ್ರು. ಜಿಗಿಸಿದೆ. ಒಂಬತ್ತನೇ ನಡೆಯಾಗ ಸೋತೆ. ಎದ್ದು ಓಡಲಿಲ್ಲ, ರಾಜನ್ನ ನಾನ ಮಲಗಿಸಿದೆ. ಸಾಹೇಬ್ರು ಎರಡೂ ಕೈಲೆ ನನ್ನ ಕೈ ಹಿಡದ್ರು. ಮಾಸ್ತರ ಅಲ್ಲಿರಲಿಲ್ಲ, ಬಸ್‌ಸ್ಟ್ಯಾಂಡಿಗೆ ಹೋಗಿದ್ದ.

ತಿರುಗಿ ಬರುವಾಗ ಒಂದ ಸೀಟಿನಾಗ ಕುಂತ್ರೂ ಅವ ನನ್ನ ಕಡಿ ಬೆನ್ನು ಮಾಡಿದ್ದ. ಮುಂಜಾನಿಕಿಂತ ಈಗಿನ ಅಂಜಿಕಿ ದೊಡ್ಡದು. ಸುರಪುರ ದಾಟಿದ ಮ್ಯಾಲೆ ಕಿಟಕಿ ಕಡಿ ಮಾರಿ ಇಟ್ಟ ಅಂದ:

“ಗ್ರ್ಯಾಂಡ್‌ಮಾಸ್ಟರನ ಜೋಡಿ ಡ್ರಾ ಮಾಡಿದ ಹಿರಿಯ, ಇವನ್ನೇನು ಸೋಲಸೋದು ಅಂತ ನಾ ಎಷ್ಟು ಆಟ ಬಿಟ್ಟುಕೊಟ್ಟೀನಿ ಗೊತ್ತೈತೇನು?”

ನನಗ ಗೊತ್ತಿರಲಿಲ್ಲ. ಇಪ್ಪತ್ತು ವರ್ಷ ಗೆದ್ದೀನಿ ಅಂತ ಊರತುಂಬ ಮೀಸಿ ತಿರುವಿದಾಂವ ನಾನು. ಎಷ್ಟು ಅಂತ ಕೇಳಾಕ ಧೈರ್ಯ ಆಗಲಿಲ್ಲ.

ಕೆಂಭಾವಿಯಾಗ ಇಳದು ಅವ ತನ್ನ ಓಣಿ ಕಡಿ ನಡದ. ನಾಕು ಹೆಜ್ಜಿ ಹೋಗಿ ನಿಂತ, ತಿರುಗಿ ನೋಡಲಿಲ್ಲ.

“ನಾಳೆ ಹತ್ತಕ್ಕ ಬಾ. ಇನ್ನಮ್ಯಾಲೆ ಆಟ ಬಿಟ್ಟುಕೊಡಂಗಿಲ್ಲ.”