ಹುಟ್ಟುಹಬ್ಬಕ್ಕೆ ಬಂದ ಅಮೀನ

ಹಾರ್ಲಿಂಗೆನ್ ಬಂದರಿನಲ್ಲಿ ಸೀತ್ಸ್ಕೆಯ ಹೆರಿಂಗ್ ಮೀನು ತಿನ್ನದವರಿಲ್ಲ, ಅವಳ ಬಾಯಿಗೆ ಸಿಕ್ಕದವರೂ ಇಲ್ಲ. ಗಂಡ ಸೀರ್ಡ್ ಹಾಸಿಗೆ ಹಿಡಿದ ಕಾಲದಲ್ಲಿ ಬೆಳಿಗ್ಗೆ ಅವನ ಮೈ ಒರೆಸಿ, ಗಂಜಿ ಕುಡಿಸಿ, ಹಳೆಯ ಬಿಳಿ ವ್ಯಾನು ಹತ್ತಿ ಸಂತೆಗೆ ಓಡುತ್ತಿದ್ದಳು. ಸರ್ಕಾರಕ್ಕೂ ಕರುಳು ಚುರುಕ್ಕೆಂದು, ಆರೈಕೆಯ ಭತ್ಯೆ ಅಂತ ತಿಂಗಳಿಗಿಷ್ಟು ಕೊಟ್ಟಿತು.

ಸೀರ್ಡ್ ಮಣ್ಣಾದ ಮೇಲೆ ಅದೇ ಸರ್ಕಾರಕ್ಕೆ ಜ್ಞಾನೋದಯವಾಯಿತು. ಭತ್ಯೆ ಕೊಟ್ಟದ್ದು ತಪ್ಪು, ದಂಡ ಸಮೇತ ಹಿಂದಿರುಗಿಸು ಎಂದಿತು. ಯಾಕೆ ಎಂದು ಸೀತ್ಸ್ಕೆ ಬರೆದು ಕೇಳಿದಳು. ಬಹಳ ಮರ್ಯಾದೆಯ ಉತ್ತರ ಬಂತು: ನಿಮ್ಮ ಮಾತನ್ನು ಖಂಡಿತ ಆಲಿಸುತ್ತೇವೆ, ಮೊದಲು ಹಣ ಕಟ್ಟಿರಿ. ತಲೆ ನುಣ್ಣಗೆ ಬೋಳಿಸಿದ ಮೇಲೆ 'ಎಷ್ಟು ಗಿಡ್ಡ ಬೇಕು ತಾಯಿ?' ಎಂದು ಕೇಳುವ ಕ್ಷೌರಿಕನ ವಿನಯ ಅದು. ಅವಳು ಕಟ್ಟಲಿಲ್ಲ. ಕಟ್ಟಲು ಇದ್ದರಲ್ಲವೇ?

ಸಾಲಕ್ಕೆ ವ್ಯಾನು ಎತ್ತಿಕೊಂಡು ಹೋಗಲು ಅಮೀನ ಬಂದೇಬಿಟ್ಟ. ವ್ಯಾನು ಜಪ್ತಿಯಾದರೆ ಶನಿವಾರದ ಸಂತೆಯಿಲ್ಲ. ಸಂತೆಯಿಲ್ಲದಿದ್ದರೆ ಒಲೆಯೂ ಇಲ್ಲ. ಆದರೆ ಅವನ ಗ್ರಹಚಾರ ನೋಡಿ, ಬಂದದ್ದು ಅವಳ ಹುಟ್ಟುಹಬ್ಬದ ದಿನ. ಮನೆಯ ತುಂಬ ಸುತ್ತಲೂ ಕುರ್ಚಿ ಹಾಕಿಕೊಂಡು ಓಣಿಯವರೆಲ್ಲ ಕೂತಿದ್ದರು. ಅಲ್ಲಿಯ ಪದ್ಧತಿಯಂತೆ ಹುಟ್ಟುಹಬ್ಬದವಳಿಗಷ್ಟೇ ಅಲ್ಲ, ಕೂತವರೆಲ್ಲರ ಕೈ ಕುಲುಕಿ ಅವರಿಗೂ ಶುಭಾಶಯ ಹೇಳಲೇಬೇಕು; ಎರಡನೇ ಲೋಟ ಕಾಫಿ ಇಳಿಯದೆ ಏಳುವಂತಿಲ್ಲ. ಹಾರ್ಸ್ಮಾ ಎಂಬ ಆ ಅಮೀನನೂ ಇದೇ ಸೀಮೆಯ ತಾಯಿ ಸಾಕಿದ ಮಗ. ಚೀಲ ಕಂಕುಳಲ್ಲಿ ಒತ್ತಿಕೊಂಡು ಒಬ್ಬೊಬ್ಬರ ಕೈ ಕುಲುಕಿದ.

"ನಿಮ್ಮ ನೆರೆಯವಳ ಹುಟ್ಟುಹಬ್ಬಕ್ಕೆ ಶುಭಾಶಯ."

"ನಿಮ್ಗೂ ಶುಭಾಶಯ, ಸ್ವಾಮಿ," ಎಂದಳು ಪಕ್ಕದ ಮನೆಯ ಮುದುಕಿ ಬೌಕ್ಯ. "ಬರಿಗೈಲಿ ಬಂದ್ರಾ? ಇರ್ಲಿ, ಹೋಗ್ವಾಗ ತುಂಬ್ಕೊಂಡು ಹೋಗೋರು ತಾನೆ ನೀವು."

ನಗು ಎದ್ದಿತು. ಹಾರ್ಸ್ಮಾ ಕುರ್ಚಿಯ ಅಂಚಿನಲ್ಲಿ ಕೂತ. ಕೈಗೆ ಕಾಫಿ ಬಂತು, ಜೊತೆಗೆ ಒಂದೇ ಒಂದು ಬಿಸ್ಕತ್ತು, ಡಬ್ಬಿಯ ಮುಚ್ಚಳ ಟಪ್ಪೆಂದು ಮುಚ್ಚಿತು.

"ಈಕೆ ಮಾತು ಯಾರಾದ್ರೂ ಕೇಳಿದ್ರಾ?" ಎಂದಳು ಬೌಕ್ಯ.

"ಕೇಳೋದು ಬೇರೆ ವಿಭಾಗ, ಅಮ್ಮಾ. ನಾನು ಬರ್ಕೊಳ್ಳೋನು ಅಷ್ಟೆ."

"ಆ ವಿಭಾಗ ಎಲ್ಲಿದೆ?"

"ಅದು... ನನಗೂ ಗೊತ್ತಿಲ್ಲ."

"ಪಾಪ, ಸರ್ಕಾರದ ಕಿವಿ ಒಂದೂರಲ್ಲಿ, ಕೈ ಒಂದೂರಲ್ಲಿ!"

ಎರಡನೇ ಲೋಟದ ಹೊತ್ತಿಗೆ ಸೀತ್ಸ್ಕೆ ಈರುಳ್ಳಿ ಉದುರಿಸಿದ ಹೆರಿಂಗ್ ತಟ್ಟೆ ಮುಂದಿಟ್ಟಳು. ಹಾರ್ಸ್ಮಾ ಒಂದು ತುಂಡು ಬಾಯಿಗಿಟ್ಟು ಕಣ್ಣು ಮುಚ್ಚಿದ.

"ಆಹಾ! ಎಲ್ಲಿಂದ ತಂದ್ರಿ ಇದನ್ನ?"

"ನೀವು ಎತ್ಕೊಂಡ್ ಹೋಗೋಕ್ ಬಂದಿದೀರಲ್ಲ, ಆ ವ್ಯಾನಿಂದ."

"ನಮ್ಮ ಕಾಗದದಲ್ಲಿ ಅದು ರಜಾ ಪ್ರವಾಸದ ಗಾಡಿ ಅಂತ ಬರ್ದಿದೆಯಲ್ಲ?"

"ಪ್ರವಾಸವೇ! ವಾರವಾರ ಸಂತೆಗೆ ಹೋಗ್ತೀನಿ, ಐಸ್ ಪೆಟ್ಟಿಗೆ ಪಕ್ಕ ಕೂತು. ಮೂಸಿ ನೋಡ್ಬನ್ನಿ."

ಅವನು ಹೋದ, ಮೂಸಿದ. ಕೆಮ್ಮುತ್ತ ಹಿಂದಿರುಗಿದ.

"ದುಡಿಮೆ ಗಾಡೀನ ನಾನು ಜಪ್ತಿ ಮಾಡೋ ಹಾಗಿಲ್ಲ. ಇದನ್ನ ಮೊದ್ಲೇ ಯಾಕೆ ಹೇಳ್ಲಿಲ್ಲ ನೀವು?"

ಸೀತ್ಸ್ಕೆ ಸೆರಗಿಲ್ಲದ ನಾಡಿನವಳು, ಏಪ್ರನ್ನಿಗೇ ಕೈ ಒರೆಸಿಕೊಂಡಳು.

"ಯಾರಿಗೆ ಹೇಳ್ಲಿ ಮಾರಾಯ? ಗಾಡಿಗಾ?"

ವ್ಯಾನಿನ ಗಾಜಿಗೆ ಅಂಟಿಸಲು ತಂದಿದ್ದ ಜಪ್ತಿ ಚೀಟಿಯನ್ನು ಅವನು ಮಡಚಿ ಹರಿದು, ಚೂರುಗಳನ್ನು ಖಾಲಿ ತಟ್ಟೆಯಲ್ಲಿಟ್ಟ.

"ಬರಿಗೈಲಿ ಬಂದೆ ಅಂದ್ರಲ್ಲ, ಇದೇ ಉಡುಗೊರೆ ಅಂದ್ಕೊಳ್ಳಿ."

ಸಾಲ ಇನ್ನೂ ಹಾಗೇ ನಿಂತಿದೆ, ಮಾತು ಕೇಳುವ ವಿಭಾಗವನ್ನು ಇನ್ನೂ ಹುಡುಕುತ್ತಿದ್ದಾರಂತೆ. ಶನಿವಾರ ಮಾತ್ರ ವ್ಯಾನು ಸಂತೆಯಲ್ಲಿತ್ತು. ಮೊದಲ ಗಿರಾಕಿ ಹಾರ್ಸ್ಮಾ. ಅವನ ಹತ್ತಿರ ಅವಳು ಪೂರ್ತಿ ಬೆಲೆ ವಸೂಲು ಮಾಡಿದಳು, ಮೀನು ಕೊಡುವ ಮೊದಲೇ.

"ನಿಮ್ಮ ತಕರಾರು ಏನಿದ್ರೂ," ಎಂದಳು, "ಕಟ್ಟಿದ್ಮೇಲೆ ಕೇಳ್ತೀನಿ."