ಕಿಟಕಿ ಪಕ್ಕದ ಸೀಟಿನಲ್ಲಿ ಅಮ್ಮ

ಭಾನುವಾರಗಳಲ್ಲಿ ನಾನು ಗೈಡ್ ಕೆಲಸ ಮಾಡುತ್ತೇನೆಂದು ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಯಾರೂ ಕೇಳಿರಲಿಲ್ಲ, ನಾನೂ ಹೇಳಿರಲಿಲ್ಲ. 'ಭಾನುವಾರ ಫೀಲ್ಡ್ ಕೆಲಸ ಇರತ್ತೆ' ಎಂದಷ್ಟೇ ಹೇಳಿದ್ದೆ. ಭೂವಿಜ್ಞಾನ ಓದಿದವಳಿಗೆ ಫೀಲ್ಡ್ ಕೆಲಸ ಇರುವುದು ಸಹಜ, ಮತ್ತು ನಂದಿಬೆಟ್ಟವನ್ನು ಫೀಲ್ಡ್ ಅಲ್ಲ ಎಂದು ಯಾರೂ ವಾದಿಸಲಾರರು. ವಾರವಿಡೀ ಕಚೇರಿಯಲ್ಲಿ ಕಂಪ್ಯೂಟರ್ ಮುಂದೆ ಕೂತು ನಕ್ಷೆಗಳನ್ನು ತಿದ್ದುತ್ತೇನೆ. ಭಾನುವಾರ ಮಾತ್ರ ಲಾಲ್‌ಬಾಗಿನ ಪಶ್ಚಿಮ ದ್ವಾರದ ಹತ್ತಿರ ನಿಲ್ಲುವ ಮಿನಿ ಬಸ್ಸು ಹತ್ತಿ, ಮೈಕು ಕೈಗೆ ತೆಗೆದುಕೊಂಡು, ಗುರುತು ಪರಿಚಯವಿಲ್ಲದ ಒಂದು ಬಸ್ಸು ಜನರನ್ನು ಬೆಟ್ಟಕ್ಕೆ ಕರೆದುಕೊಂಡು ಹೋಗಿ ಸಂಜೆಗೆ ವಾಪಸು ತಂದು ಇಳಿಸುತ್ತೇನೆ.

ಮುಚ್ಚಿಡಬೇಕಾಗಿದ್ದದ್ದು ಕೆಲಸವನ್ನಲ್ಲ, ಮೈಕು ಹಿಡಿದ ಮೇಲೆ ನಾನು ಏನಾಗುತ್ತೇನೋ ಅದನ್ನು. ಬಸವನಗುಡಿಯ ನಮ್ಮ ಮನೆಯಲ್ಲಿ ನಾನು ನೆಂಟರಿಗೆ ಕಾಫಿ ಕೊಟ್ಟು ಒಳಗೆ ಹೋಗುವವಳು. ಯಾರಾದರೂ ನನ್ನನ್ನು ಏನಾದರೂ ಕೇಳಿದರೆ ನಾನು ಮಾತು ಜೋಡಿಸಿಕೊಳ್ಳುವಷ್ಟರಲ್ಲಿ ಅಮ್ಮ ಉತ್ತರ ಹೇಳಿ, ಮುಂದಿನ ವಿಷಯಕ್ಕೆ ದಾಟಿ, ಅದರಲ್ಲೂ ಅರ್ಧ ಮುಗಿಸಿರುತ್ತಾಳೆ. ಬಸ್ಸಿನಲ್ಲಿ ಹಾಗಲ್ಲ. ಅಲ್ಲಿ ನಾನು ಜೋಕು ಹೇಳುತ್ತೇನೆ, ಡ್ರೈವರಣ್ಣನ ಕಾಲೆಳೆಯುತ್ತೇನೆ, ತಡವಾಗಿ ಬಂದವರಿಂದ ಹಾಡು ಹೇಳಿಸುತ್ತೇನೆ.

ಈ ಸುದ್ದಿ ಮನೆ ಮುಟ್ಟಿದರೆ ಏನಾಗುತ್ತದೆಂದು ನನಗೆ ಚೆನ್ನಾಗಿ ಗೊತ್ತಿತ್ತು. ನನ್ನ ಚಿಕ್ಕಮ್ಮನ ಮಗ ಚಿಕ್ಕವನಾಗಿದ್ದಾಗ ಯಾರದೋ ಉಪನಯನದಲ್ಲಿ ನವಿಲಿನ ಹಾಗೆ ಕೂಗಿ ತೋರಿಸಿದ್ದ. ಈಗ ಅವನು ಬ್ಯಾಂಕ್ ಮ್ಯಾನೇಜರ್, ನೆತ್ತಿಯ ಕೂದಲು ತೆಳ್ಳಗಾಗಿದೆ. ಇವತ್ತಿಗೂ ನಮ್ಮ ಬಳಗದಲ್ಲಿ ಒಂದು ಮದುವೆಯಾಗಲಿ ನಾಮಕರಣವಾಗಲಿ ಅವನ ನವಿಲು ಕೂಗದೆ ಮುಗಿಯುವುದಿಲ್ಲ. ನನ್ನ ವಿಷಯ ಅಮ್ಮನಿಗೆ ಗೊತ್ತಾದರೆ ಮಧ್ಯಾಹ್ನದೊಳಗೆ ಮಲ್ಲೇಶ್ವರದ ದೊಡ್ಡಮ್ಮನಿಗೆ, ಸಂಜೆಯೊಳಗೆ ಚಾಮರಾಜಪೇಟೆಯ ಅತ್ತೆಗೆ ತಲುಪುತ್ತದೆ. ಆಮೇಲೆ ಎಲ್ಲ ಸಮಾರಂಭಗಳಲ್ಲೂ ಯಾರಾದರೊಬ್ಬರು ಸೌಟನ್ನು ನನ್ನ ಬಾಯ ಮುಂದೆ ಹಿಡಿದು, 'ಎಲ್ಲಿ ಪುಟ್ಟಿ, ಒಂಚೂರು ಗೈಡ್ ಥರ ಮಾತಾಡು' ಅನ್ನುತ್ತಾರೆ. ಅಲ್ಲಿಗೆ ನನ್ನ ಭಾನುವಾರಗಳು ಮುಗಿದ ಹಾಗೆ.

ಆ ಶನಿವಾರ ರಾತ್ರಿ ಊಟದ ಹೊತ್ತಿಗೆ ಅಮ್ಮ, ತನ್ನ ವಾಕಿಂಗ್ ಗೆಳತಿಯೊಬ್ಬರು ಹನುಮಂತನಗರದಲ್ಲಿ ಹೊಸ ಮನೆ ತೆಗೆದುಕೊಂಡಿದ್ದಾರೆ, ಗೃಹಪ್ರವೇಶ, ಬೆಳಿಗ್ಗೆ ಬೇಗ ಹೋಗಿ ಸಂಜೆಗೆ ಬರುತ್ತೇನೆ ಎಂದಳು. ಟೇಬಲ್ಲಿನ ಮೇಲೆ ಬಣ್ಣದ ಕಾಗದ ಸುತ್ತಿ ರಿಬ್ಬನ್ ಕಟ್ಟಿದ ಉಡುಗೊರೆ ಡಬ್ಬವೂ ತಯಾರಾಗಿತ್ತು. ಅಪ್ಪನಿಗೆ ನಿರಾಳ. ಹಿಂದಿನ ವಾರವಷ್ಟೇ ಅಮ್ಮ, 'ಎಲ್ಲಾದ್ರೂ ಬೆಟ್ಟಗಿಟ್ಟ ನೋಡ್ಕೊಂಡು ಬರೋಣ' ಎಂದು ಕೇಳಿದ್ದಳು. 'ಬೆಟ್ಟ ಅಂದ್ರೆ ದೊಡ್ಡ ಕಲ್ಲು ತಾನೆ? ಬ್ಯೂಗಲ್ ರಾಕ್ ಇಲ್ಲೇ ಇದೆ, ಹೋಗಿ ನೋಡ್ಕೊಂಡು ಬಾ' ಎಂದು ಅಪ್ಪ ಪೇಪರ್ ಮಗುಚಿದ್ದರು.

ಮರುದಿನ ಅಮ್ಮ ಸ್ನಾನಕ್ಕೆ ಹೋಗಿದ್ದಾಗಲೇ ನಾನು ಮನೆ ಬಿಟ್ಟೆ. ಬಸ್ಸಿನಲ್ಲಿ ಎಲ್ಲರನ್ನೂ ಕೂರಿಸಿ ಬಾಗಿಲಲ್ಲಿ ನಿಂತಿದ್ದೆ. ಕೊನೆಯದಾಗಿ ಇಬ್ಬರು ಹೆಂಗಸರು ಬಂದರು. ಮುಂದಿದ್ದವರ ತಲೆಗೆ ಟೋಪಿ, ಕೈಯಲ್ಲಿ ನೀರಿನ ಬಾಟಲಿ, ಏದುಸಿರು. 'ಎರಡು ಸೀಟು ಬುಕ್ ಮಾಡಿದೀನಮ್ಮ, ಬಿಟ್ಟು ಹೋಗ್ಬಿಟ್ಟೀರಾ ಅಂತ ಓಡ್ಕೊಂಡು ಬಂದ್ವಿ' ಎಂದರು. ಅವರ ಹಿಂದೆ ಹಸಿರು ರೇಷ್ಮೆ ಸೀರೆ ಉಟ್ಟು, ಮಲ್ಲಿಗೆ ಮುಡಿದು, ಕಾಲಿಗೆ ವಾಕಿಂಗ್ ಶೂ ಹಾಕಿಕೊಂಡು, ಉಡುಗೊರೆ ಡಬ್ಬವನ್ನು ಎದೆಗವಚಿಕೊಂಡು ಅಮ್ಮ.

ಅಮ್ಮನ ಬಾಯಿ ತೆರೆಯಿತು. ನಾನು ಹೆಚ್ಚು ಯೋಚಿಸಲಿಲ್ಲ.

'ನಮಸ್ಕಾರ ಮೇಡಂ, ಬನ್ನಿ. ಸೀಟು ಎಡಗಡೆ ಇದೆ.'

ಅವಳ ಮುಖದ ಮೇಲೆ ಒಂದರ ಹಿಂದೊಂದು ಎರಡು ಯೋಚನೆ ಹಾದುಹೋದದ್ದನ್ನು ನಾನು ನೋಡಿದೆ. ಇವಳು ಇಲ್ಲೇನು ಮಾಡುತ್ತಿದ್ದಾಳೆ ಎನ್ನುವುದು ಮೊದಲನೆಯದು. ತಾನು ಇಲ್ಲೇನು ಮಾಡುತ್ತಿದ್ದೇನೆ ಎನ್ನುವುದು ಎರಡನೆಯದು. ಎರಡನೆಯದು ಬಂದ ತಕ್ಷಣ ಬಾಯಿ ಮುಚ್ಚಿತು. ಡಬ್ಬವನ್ನು ಇನ್ನಷ್ಟು ಬಿಗಿಯಾಗಿ ಹಿಡಿದುಕೊಂಡು, 'ನಂಗೆ ಕಿಟಕಿ ಪಕ್ಕ ಬೇಕು ಮೇಡಂ' ಎಂದಳು.

ಟೋಪಿ ಹಾಕಿದ್ದವರು ಅಮ್ಮನ ವಾಕಿಂಗ್ ಗೆಳತಿ, ಮಾವಳ್ಳಿಯವರು. ಅಮ್ಮನಿಗೂ ಅವರಿಗೂ ಲಾಲ್‌ಬಾಗಿನೊಳಗಿನ ಸ್ನೇಹವಷ್ಟೇ, ನಮ್ಮ ಮನೆಗೆ ಒಮ್ಮೆಯೂ ಬಂದವರಲ್ಲ. ನನ್ನನ್ನು ಅವರು ನೋಡಿರಲಿಲ್ಲ. ಅದೊಂದೇ ಅವತ್ತಿನ ಅದೃಷ್ಟ.

ಹೊರಟ ಮೇಲೆ ಸ್ವಲ್ಪ ದೂರ ನಾನು ಮನೆಯಲ್ಲಿರುವವಳ ಹಾಗೇ ಇದ್ದೆ. ಎಲ್ಲಿಗೆ ಹೋಗುತ್ತೇವೆ, ಎಷ್ಟು ಹೊತ್ತು ನಿಲ್ಲುತ್ತೇವೆ, ಕೋತಿಗಳಿಗೆ ಏನೂ ಕೊಡಬಾರದು. ಅಷ್ಟು ಹೇಳಿ ನಿಲ್ಲಿಸಿದೆ. ಹಿಂದಿನ ಸಾಲಿನಲ್ಲಿ ಯಾರೋ ಆಕಳಿಸಿದರು. ಡ್ರೈವರಣ್ಣ ಕನ್ನಡಿಯಲ್ಲಿ ನನ್ನನ್ನು ನೋಡಿ, 'ಏನ್ ಮೇಡಂ, ಹುಷಾರಿಲ್ವಾ? ರೈಲ್ವೆ ಸ್ಟೇಷನ್ ಅನೌನ್ಸ್‌ಮೆಂಟ್ ಥರ ಮಾತಾಡ್ತಿದೀರ?' ಎಂದ. ಎಲ್ಲರೂ ದುಡ್ಡು ಕೊಟ್ಟು ಬಂದಿದ್ದರು, ಅಮ್ಮನೂ ಸೇರಿ. ಹೆಬ್ಬಾಳದ ಫ್ಲೈಓವರಿನ ಟ್ರಾಫಿಕ್ಕಿನಲ್ಲಿ ಬಸ್ಸು ಸಿಕ್ಕಿಕೊಳ್ಳುವ ಹೊತ್ತಿಗೆ ನನಗೆ ತಡೆಯಲಾಗಲಿಲ್ಲ.

'ನಂದಿಬೆಟ್ಟದ ಸುತ್ತಮುತ್ತ ನಾಲ್ಕಾರು ನದಿಗಳು ಹುಟ್ಟುತ್ತವೆ ಅಂತ ಹೇಳ್ತಾರೆ. ಅದರಲ್ಲಿ ಒಂದಾದರೂ ಈ ದಾರೀಲಿ ಬೆಂಗಳೂರಿಗೆ ಬರತ್ತಾ? ಬರಲ್ಲ. ಯಾಕೆ ಅಂದ್ರೆ, ಕಿಟಕಿಯಿಂದ ಹೊರಗೆ ನೋಡಿ. ಈ ಫ್ಲೈಓವರ್ ದಾಟೋ ಧೈರ್ಯ ನೀರಿಗೂ ಇಲ್ಲ.'

ಬಸ್ಸು ನಕ್ಕಿತು. ಆ ನಗುವಿನೊಳಗೆ ಒಂದು ನಗು ನನಗೆ ಗೊತ್ತಿದ್ದದ್ದು, ಕೊನೆಗೆ ಬಿಕ್ಕಳಿಕೆಯಂತೆ ಎರಡು ಸಲ ಎಳೆದುಕೊಳ್ಳುವಂಥದು. ಮನೆಯಲ್ಲಿ ಫೋನಿನಲ್ಲಿ ದೊಡ್ಡಮ್ಮನ ಜೊತೆ ಮಾತಾಡುವಾಗ ಕೇಳುತ್ತದೆ. ನಾನು ಹೇಳಿದ್ದಕ್ಕೆ ಅದು ಬಂದದ್ದು ಅದೇ ಮೊದಲು. ಆ ಸಾಲಿನ ಕಡೆ ನೋಡದೆ ಮುಂದುವರಿಸಿದೆ.

ಅಮ್ಮನಿಗೆ ಧೈರ್ಯ ಬಂದದ್ದು ದೇವನಹಳ್ಳಿ ದಾಟಿದ ಮೇಲೆ. 'ಯಾರಿಗಾದ್ರೂ ಪ್ರಶ್ನೆ ಇದೆಯಾ?' ಎಂದು ಕೇಳಿದೆ. ಹಸಿರು ಬಳೆಯ ಕೈಯೊಂದು ಮೇಲೆದ್ದಿತು.

'ಒಂದು ಡೌಟು ಮೇಡಂ. ಇಷ್ಟು ಚೆನ್ನಾಗಿ ಮಾತಾಡ್ತೀರಲ್ಲ, ಮನೇಲೂ ಹೀಗೇನಾ?'

'ಮನೇಲಿ ಮೈಕ್ ನಮ್ಮಮ್ಮನ ಹತ್ರ ಇರತ್ತೆ ಮೇಡಂ.'

ಬಸ್ಸಿನವರೆಲ್ಲ ಚಪ್ಪಾಳೆ ತಟ್ಟಿದರು. ಗೆಳತಿಯಂತೂ ಅಮ್ಮನ ತೊಡೆಗೆ ಹೊಡೆದು ನಕ್ಕರು. ಅಮ್ಮ ಕಿಟಕಿಯ ಕಡೆ ತಿರುಗಿ ದ್ರಾಕ್ಷಿ ತೋಟಗಳನ್ನು ಬಹಳ ಆಸಕ್ತಿಯಿಂದ ನೋಡತೊಡಗಿದಳು.

ಬೆಟ್ಟದ ಮೇಲೆ ಮಂಜು ಹೇಗಿತ್ತೆಂದರೆ ಪಕ್ಕದಲ್ಲಿದ್ದವರು ಮಾತಾಡಿದರೆ ಮಾತ್ರ ಅವರು ಇದ್ದಾರೆಂದು ಗೊತ್ತಾಗುತ್ತಿತ್ತು. ಸ್ವಲ್ಪ ಹೊತ್ತಿಗೆ ಗಾಳಿ ಬೀಸಿ, ಕೆಳಗಿನ ಗದ್ದೆ, ಕೆರೆ, ಸಣ್ಣ ಸಣ್ಣ ಗುಡ್ಡಗಳು ಒಂದೊಂದಾಗಿ ಮೇಲೆ ಬಂದವು. ಅಮ್ಮ ಬಂಡೆಯ ಅಂಚಿನ ಕಂಬಿ ಹಿಡಿದು ನಿಂತವಳು ಬಹಳ ಹೊತ್ತು ಅಲ್ಲಾಡಲಿಲ್ಲ. ಸೆರಗು ಹಾರಿದರೂ ಹಿಡಿದುಕೊಳ್ಳಲಿಲ್ಲ. 'ಟಿವೀಲಿ ಹೀಗೆ ತಣ್ಣಗಿರಲ್ಲ' ಎಂದು ಗೆಳತಿಗೆ ಹೇಳುತ್ತಿದ್ದಳು. ಬಂಡೆಗಳ ವಯಸ್ಸು ಹೇಳುತ್ತಾ ನಾನು ಅವಳ ಹಿಂದೆಯೇ ಹಾದುಹೋದೆ.

ಊಟದ ಹೊತ್ತಿಗೆ ಉಡುಗೊರೆ ಡಬ್ಬದ ಗುಟ್ಟು ರಟ್ಟಾಯಿತು. ಒಳಗಿದ್ದದ್ದು ಪುಳಿಯೋಗರೆ. ಸುತ್ತಿದ್ದ ಬಣ್ಣದ ಕಾಗದವನ್ನು ಒಂದು ಕೋತಿ ಬಂದು ಎತ್ತಿಕೊಂಡು ಮರ ಹತ್ತಿತು. ಅಮ್ಮ ಒಂದು ಪೇಪರ್ ತಟ್ಟೆಯಲ್ಲಿ ಹಾಕಿಕೊಂಡು ನನ್ನ ಕಡೆ ಚಾಚಿದಳು.

'ತಗೊಳ್ಳಿ ಮೇಡಂ. ನಿಮ್ಮಮ್ಮ ಇಷ್ಟು ಚೆನ್ನಾಗಿ ಮಾಡ್ತಾರೋ ಇಲ್ವೋ.'

ಒಂದು ತುತ್ತು ತಿಂದು, 'ಚೆನ್ನಾಗಿದೆ ಮೇಡಂ. ನಮ್ಮಮ್ಮಂದೂ ಹೀಗೇ, ಉಪ್ಪು ಒಂಚೂರು ಕಮ್ಮಿ' ಎಂದೆ.

ಗೆಳತಿಗೆ ಇದ್ಯಾವುದರ ಪರಿವೆಯೂ ಇರಲಿಲ್ಲ. ಅವರು ಬೆಳಗಿನಿಂದ ಬೇರೆಯೇ ಲೆಕ್ಕಾಚಾರದಲ್ಲಿದ್ದರು. 'ಎಷ್ಟು ಚೂಟಿ ನೋಡ್ರೀ ಹುಡುಗಿ' ಎಂದು ಅಮ್ಮನಿಗೆ ಹೇಳಿದರು. 'ನಿಮ್ಮ ಮಗಳು ಬಾಯೇ ಬಿಡಲ್ಲ ಅಂತಿರ್ತೀರಲ್ಲ, ಒಂದ್ಸಲ ಕರ್ಕೊಂಡು ಬನ್ನಿ. ಇವಳನ್ನ ನೋಡಿ ಕಲೀಲಿ.'

'ಅವಳಾ? ಅವಳು ಬರಲ್ಲ' ಎಂದಳು ಅಮ್ಮ, ನನ್ನನ್ನೇ ನೋಡುತ್ತಾ. 'ಭಾನುವಾರ ಏನೋ ಘನಂದಾರಿ ಫೀಲ್ಡ್ ಕೆಲಸ ಅಂತೆ.'

ನಾನು ತಟ್ಟೆಯ ಕಡೆ ನೋಡಿದೆ. ಅಷ್ಟರಲ್ಲಿ ಗೆಳತಿ ನನ್ನ ಕಡೆ ತಿರುಗಿ ಫೋನ್ ಹೊರತೆಗೆದರು.

'ನಿಮ್ಮಮ್ಮನ ನಂಬರ್ ಕೊಡಮ್ಮ. ನಮ್ಮಕ್ಕನ ಮಗ ಒಬ್ಬ ಇದಾನೆ. ಒಳ್ಳೆ ಹುಡುಗ, ಒಳ್ಳೆ ಕೆಲಸ. ಮಾತು ಮಾತ್ರ ಸ್ವಲ್ಪ ಕಮ್ಮಿ. ಪರವಾಗಿಲ್ಲ, ನೀನು ಇಬ್ಬರ ಪಾಲಿಂದೂ ಆಡ್ತೀಯ.'

ನಂಬರ್ ಕೊಟ್ಟರೆ ಅವರ ಫೋನಿನಲ್ಲಿ ಅಮ್ಮನ ಹೆಸರೇ ಬರುತ್ತದೆ. ತಪ್ಪು ನಂಬರ್ ಕೊಟ್ಟರೆ ಯಾವುದೋ ಪಾಪದವರ ಮನೆಗೆ ಆ ಹುಡುಗನ ಜಾತಕ ಹೋಗುತ್ತದೆ. ಕೊಡುವುದಿಲ್ಲ ಎನ್ನಲು ಬಾಯಿ ಬರಲಿಲ್ಲ. ಮೈಕು ಬಸ್ಸಿನಲ್ಲೇ ಇತ್ತು. ನಾನು ಅಮ್ಮನ ಕಡೆ ನೋಡಿದೆ.

ನನಗೆ ವರ ಹುಡುಕಲು ಅಮ್ಮ ಎರಡು ವರ್ಷದಿಂದ ಕಂಡಕಂಡವರಿಗೆಲ್ಲ ಹೇಳಿಟ್ಟಿದ್ದಳು. 'ಅವಳು ನನ್ನ ಮಗಳೇ ಕಣ್ರೀ' ಎಂದು ಒಂದು ಮಾತು ಆಡಿದ್ದರೆ ಒಂದೇ ಏಟಿಗೆ ವರನೂ ಸಿಗುತ್ತಿದ್ದ, ವರ್ಷಪೂರ್ತಿ ಬಳಗಕ್ಕೆಲ್ಲ ಹೇಳಿ ನಗಲು ಕಥೆಯೂ ಸಿಗುತ್ತಿತ್ತು. ಆ ಮಾತು ಅವಳ ನಾಲಿಗೆಯ ತುದಿಗೆ ಬಂದದ್ದು ನನಗೆ ಕಾಣಿಸಿತು. ಅವಳು ಡಬ್ಬದ ಮುಚ್ಚಳ ಒತ್ತಿ ಹಾಕಿದಳು.

'ಬಿಡ್ರೀ. ಕೆಲಸಕ್ಕೆ ಬಂದಿರೋ ಹುಡುಗೀನ ಹಾಗೆಲ್ಲ ಕೇಳಬಾರದು. ಅವಳಿಗೆ ಹೇಳ್ಬೇಕು ಅನ್ಸಿದಾಗ ಅವಳೇ ಹೇಳ್ತಾಳೆ.'

'ನಿಮ್ಮ ಮಗಳಾಗಿದ್ರೆ ಹೀಗೆ ಬಿಡ್ತಿದ್ರಾ?'

'ನನ್ನ ಮಗಳಾಗಿದ್ರೆ,' ಎಂದು ಅಮ್ಮ ನನ್ನನ್ನು ಒಮ್ಮೆ ನೋಡಿ, 'ಉಪ್ಪು ಕಮ್ಮಿ ಅಂದಿದ್ದಕ್ಕೆ ಎರಡು ಬಾರಿಸ್ತಿದ್ದೆ' ಎಂದಳು.

ಸಂಜೆ ಪಶ್ಚಿಮ ದ್ವಾರದಲ್ಲಿ ಎಲ್ಲರೂ ಇಳಿದರು. ಗೆಳತಿ ಆಟೋ ಹತ್ತಿದರು. ಅಮ್ಮ ಅಪರಿಚಿತಳ ಹಾಗೆ ಮುಂದೆ ಮುಂದೆ ನಡೆದು, ತಿರುವು ಕಳೆದ ಮೇಲೆ ಒಂದು ಮುಚ್ಚಿದ ಅಂಗಡಿಯ ಕಟ್ಟೆಯ ಹತ್ತಿರ ನಿಂತಳು.

'ಯಾವಾಗಿಂದ?'

'ದಸರಾ ಆದ ಮೇಲಿಂದ.'

'ದೊಡ್ಡಮ್ಮಂಗೆ ಹೇಳಿದ್ರೆ ಕುಣಿದಾಡ್ತಾಳೆ ಕಣೇ.'

'ಹೇಳ್ಬೇಡ.'

'ಯಾಕೆ? ಕಳ್ಳತನ ಮಾಡಿದೀಯಾ?'

ಬಹಳ ವಿವರಣೆ ನನ್ನಲ್ಲಿತ್ತು. ಹೊರಗೆ ಬಂದದ್ದು ಒಂದೇ ಮಾತು. 'ನವಿಲು.'

ಅಮ್ಮ ನಗಲು ಶುರುಮಾಡಿ, ಕಟ್ಟೆಯ ಮೇಲೆ ಕೂತು, ಸೆರಗಿನಿಂದ ಕಣ್ಣೊರೆಸಿಕೊಂಡಳು. 'ಪಾಪ, ಹೋದ ಮದುವೇಲಿ ಮೂರು ಸಲ ಕೂಗಿಸಿದ್ರು' ಎಂದಳು. ಮೂರನೆಯ ಸಲ ಕೂಗಿಸಿದ್ದು ಅವಳೇ. ಅದನ್ನು ನಾನು ಹೇಳಲಿಲ್ಲ.

'ಸರಿ. ನಿಮ್ಮಪ್ಪಂಗೆ?'

'ಗೃಹಪ್ರವೇಶ ಚೆನ್ನಾಗಾಯ್ತು ಅಂತೀನಿ.'

'ನೀನ್ಯಾಕೆ ಅಂತೀಯ? ನೀನು ಬಂದೇ ಇಲ್ವಲ್ಲ!'

ಮನೆಗೆ ಅವಳು ಮೊದಲು ಹೋದಳು. ನಾನು ಗಾಂಧಿಬಜಾರಿನಲ್ಲಿ ಒಂದು ಸುತ್ತು ಹಾಕಿ, ಸೊಪ್ಪು ಕೊಂಡು, ಆಮೇಲೆ ಹೋದೆ. ಅಪ್ಪ ಆಗಲೇ ವಿಚಾರಿಸುತ್ತಿದ್ದರು, ಊಟ ಹೇಗಿತ್ತೆಂದು. 'ಪುಳಿಯೋಗರೆಗೆ ಉಪ್ಪು ಕಮ್ಮಿ ಅಂತ ಯಾರೋ ಅಂದ್ರು' ಎಂದಳು ಅಮ್ಮ. 'ಕಂಟ್ರಾಕ್ಟ್ ಅಡಿಗೆಯವರ ಹಣೆಬರಹವೇ ಅಷ್ಟು' ಎಂದರು ಅಪ್ಪ.

ಆ ವಾರವೆಲ್ಲ ಫೋನ್ ರಿಂಗಾದಾಗಲೆಲ್ಲ ನಾನು ಮಾಡುತ್ತಿದ್ದ ಕೆಲಸ ಬಿಟ್ಟು ಕಿವಿಗೊಡುತ್ತಿದ್ದೆ. ಪಕ್ಕದ ಮನೆಯವರು ಹೊಸ ಮಿಕ್ಸಿ ತಂದರೂ ಅಮ್ಮನಿಗೆ ಆ ಸುದ್ದಿಯನ್ನು ಸಂಜೆಯವರೆಗೆ ಇಟ್ಟುಕೊಳ್ಳಲಾಗುವುದಿಲ್ಲ. ಸೋಮವಾರ ದೊಡ್ಡಮ್ಮ ಫೋನ್ ಮಾಡಿದರು. ನಾನು ರೂಮಿನಲ್ಲಿ ಪುಸ್ತಕದ ಹಾಳೆ ತಿರುಗಿಸದೆ ಕೂತಿದ್ದೆ. ಅಮ್ಮ ಬದನೆಕಾಯಿಯ ಬಗ್ಗೆ, ಮಂಡಿನೋವಿನ ಬಗ್ಗೆ, ಯಾರದೋ ವರ್ಗಾವಣೆಯ ಬಗ್ಗೆ ಮಾತಾಡಿದಳು. ನಡುವೆ ಒಮ್ಮೆ, 'ಇನ್ನೊಂದು ವಿಷಯ ಕಣೇ...' ಎಂದು ಶುರುಮಾಡಿ ನಿಲ್ಲಿಸಿದಳು. ನಾನು ಕಣ್ಣು ಮುಚ್ಚಿಕೊಂಡೆ. 'ಏನೋ ಹೇಳಕ್ಕೆ ಬಂದೆ, ಮರೆತೇಹೋಯ್ತು ನೋಡು' ಎಂದಳು. ಏನನ್ನೂ ಮರೆಯುವ ಹೆಂಗಸಲ್ಲ ಅವಳು. ಗುರುವಾರದ ಹೊತ್ತಿಗೆ ಅವಳು ದೊಡ್ಡಮ್ಮನ ಫೋನ್ ಬಂದರೆ ಒಗ್ಗರಣೆಗೆ ಇಟ್ಟಿದ್ದೇನೆಂದು ಹೇಳಿ ಇಟ್ಟುಬಿಡುತ್ತಿದ್ದಳು. ಒಲೆಯ ಮೇಲೆ ಏನೂ ಇರುತ್ತಿರಲಿಲ್ಲ.

ಭಾನುವಾರ ನಾನು ಬಾಗಿಲಲ್ಲಿ ಕೂತು ಶೂ ಕಟ್ಟಿಕೊಳ್ಳುತ್ತಿದ್ದಾಗ ಅಮ್ಮ ಕಾಫಿ ತಂದು ಪಕ್ಕದಲ್ಲಿಟ್ಟಳು. ಅಪ್ಪ ಏಳುವ ಹೊತ್ತಾಗಿರಲಿಲ್ಲ, ಆದರೂ ಬಗ್ಗಿ ಪಿಸುಗುಟ್ಟಿದಳು.

'ಎಡಗಡೆ ಕೂತೋರ ಮುಖಾನೂ ಸ್ವಲ್ಪ ನೋಡಿ ಮಾತಾಡು. ಬರೀ ಬಲಗಡೆಯೋರಿಗೇ ಹೇಳ್ತೀಯ. ನಾವೂ ದುಡ್ಡು ಕೊಟ್ಟಿರಲ್ವಾ?'

ಅವತ್ತು ನಾನು ಹಟ ಹಿಡಿದು ಎಡಕ್ಕೇ ನೋಡಿ ಮಾತಾಡಿದೆ. ಅಲ್ಲಿ ಒಬ್ಬರು ಯಜಮಾನರು ಯಲಹಂಕ ಬರುವ ಮೊದಲೇ ಬಾಯಿ ತೆರೆದು ನಿದ್ದೆಹೋಗಿದ್ದರು. ಬೆಟ್ಟ ಹುಟ್ಟಿದ ಕಥೆಯನ್ನೆಲ್ಲ ಅವರ ಗೊರಕೆಗೇ ಹೇಳಿದೆ. ಡ್ರೈವರಣ್ಣ ಕನ್ನಡಿಯಲ್ಲಿ ನೋಡಿ ನೋಡಿ ನಗುತ್ತಿದ್ದ. ಸಂಜೆ ಮನೆಗೆ ಬಂದವಳೇ ಅಡಿಗೆಮನೆಗೆ ಹೋಗಿ, ಬಾಗಿಲು ಮುಂದೆ ಮಾಡಿ, ಅಮ್ಮನಿಗೆ ಅಷ್ಟನ್ನೂ ಹೇಳಿದೆ, ಗೊರಕೆಯ ಸಮೇತ.