ಒಲೆ ಹಚ್ಚದ ದಿನ

ಗೋಡೆಯ ಮೇಲೆ ಕ್ಯಾಲೆಂಡರ್ ಕಂಡರೆ ನನಗೆ ಈಗಲೂ ಸಿಟ್ಟು ಬರುತ್ತದೆ. ಕ್ಯಾಲೆಂಡರು ಪಾಪ, ನನಗೇನೂ ಮಾಡಿಲ್ಲ. ಆದರೆ ಅದರಲ್ಲಿ ಕೆಂಪು ಶಾಯಿಯಲ್ಲಿ ಅಚ್ಚಾದ ರಜೆಗಳನ್ನು ನೋಡಿದಾಗಲೆಲ್ಲ, ಇವು ಯಾರಿಗೆ ರಜೆ ಸ್ವಾಮಿ ಎಂದು ಕೇಳಬೇಕೆನಿಸುತ್ತದೆ. ಹಬ್ಬ ದೊಡ್ಡದಾದಷ್ಟೂ ನಮಗೆ ಹೋಳಿಗೆ ತಟ್ಟುವ ಕೆಲಸ ಜಾಸ್ತಿ.

ಈ ಸಿಟ್ಟು ಶುರುವಾದದ್ದು ಎಪ್ಪತ್ತರ ದಶಕದ ಕೊನೆಯಲ್ಲಿ, ನಾವು ಜಾಲಹಳ್ಳಿಯ ಫ್ಯಾಕ್ಟರಿ ಕ್ವಾರ್ಟರ್ಸಿನಲ್ಲಿದ್ದಾಗ. ಅಲ್ಲಿ ಸೈರನ್ ಕೂಗಿದರೇ ಬೆಳಗು. ನಮ್ಮ ಯಜಮಾನರಿಗೆ ಒಂದು ವಾರ ಮೊದಲ ಶಿಫ್ಟು, ಮುಂದಿನ ವಾರ ಎರಡನೆಯದು, ಅದರ ಮುಂದಿನ ವಾರ ರಾತ್ರಿಯದು. ನನಗೆ ಎಲ್ಲ ವಾರವೂ ಮೂರೂ ಶಿಫ್ಟು.

ಕಾಲೊನಿಯ ಕನ್ನಡ ಸಂಘದ ವಾರ್ಷಿಕೋತ್ಸವಕ್ಕೆ ಹೆಂಗಸರೇ ಆಡುವಂಥ ಒಂದು ನಾಟಕ ಬರೆದುಕೊಡಿ ಎಂದು ನನ್ನನ್ನು ಕೇಳಿದರು. ಯಲಹಂಕದ ಸ್ಕೂಲಿನಲ್ಲಿ ಓದುವಾಗ ನವಿಲಿನ ಮೇಲೆ ಪದ್ಯ ಕಟ್ಟಿದ್ದೆ, ಅಷ್ಟೇ ನನ್ನ ಸಾಹಿತ್ಯ. ಆದರೂ ಒಪ್ಪಿಕೊಂಡೆ. ಮೋಡಗಳ ಮೇಲೆ ಮುಗಿಲೂರು ಎಂಬ ರಾಜ್ಯ. ಅಲ್ಲಿ ಎರಡು ಚಂದ್ರ, ಒಂದು ದೊಡ್ಡದು, ಒಂದು ಚಿಕ್ಕದು. ಎರಡೂ ಒಟ್ಟಿಗೆ ತುಂಬಿದರೆ ತಿಂಗಳು ಮುಗಿಯಿತು. ತಿಂಗಳ ಹೆಸರುಗಳನ್ನು ಸಾರಿಗೆ ಒಗ್ಗರಣೆ ಹಾಕುತ್ತಲೇ ಹೊಂದಿಸಿದೆ: ಕಂಬಳಿ ಮಾಸ, ಗಾಳಿ ಮಾಸ, ಮಾವಿನ ಮಾಸ, ರಾಜರು ಭಾಷಣ ಮಾಡಬಾರದ ಮೌನ ಮಾಸ. ಎರಡು ಚಂದ್ರರೂ ಹುಟ್ಟದ ಒಂದು ದಿನ ಇತ್ತು. ಅದು ಯಾವ ವಾರಕ್ಕೂ ಯಾವ ಮಾಸಕ್ಕೂ ಸೇರದು. ಅದೇ ಒಲೆ ಹಚ್ಚದ ದಿನ. ಅಂದು ರಾಜನಿಗೂ ಕಡಲೆಪುರಿ, ಬಾಳೆಹಣ್ಣೇ ಗತಿ.

ಪಾತ್ರ ಹಂಚಿ, ಎರಡು ವಾರ ಅಭ್ಯಾಸವೂ ನಡೆದ ಮೇಲೆ ನಾಟಕವನ್ನು ಕಮಿಟಿಯ ಮುಂದೆ ಓದಿದೆ. ಧಾರವಾಡ ಕಡೆಯ ಕುಲಕರ್ಣಿಯವರಿಗೆ ಮೊದಲ ಸಂಶಯ ಬಂತು. “ಎರಡು ಚಂದ್ರ ಅಂದ್ರ ಏಕಾದಶೀನೂ ಎರಡೆರಡು ಆಗ್ತಾವಲ್ರೀ? ಉಪವಾಸ ಯಾವುದಕ್ಕ ಮಾಡಬೇಕು?” ಒಳ್ಳೆಯ ಪ್ರಶ್ನೆಯೇ. ಇಷ್ಟ ಬಂದ ಚಂದ್ರನಿಗೆ ಮಾಡಬಹುದು ಎಂದೆ. ನಕ್ಕುಬಿಟ್ಟರು.

ಆಮೇಲೆ ಸಂಘದ ಕಾರ್ಯದರ್ಶಿ ಶ್ರೀಕಂಠಯ್ಯನವರು ಕನ್ನಡಕ ತೆಗೆದರು. “ನೋಡಮ್ಮಾ, ಎರಡು ಚಂದ್ರ ಇರ್ಲಿ, ಮೋಡದ ಮೇಲೆ ಊರೂ ಇರ್ಲಿ, ಕಲ್ಪನೆ ಚೆನ್ನಾಗಿದೆ. ಆದ್ರೆ ಈ ಒಲೆ ಹಚ್ಚದ ದಿನ ತೆಗೆದ್ಬಿಡಿ. ಯಾಕೋ ಅಸಹಜ ಅನ್ಸುತ್ತೆ.”

ನನ್ನ ಮೈಯೆಲ್ಲ ಉರಿದುಹೋಯಿತು. ಹಿಂದೆ ರಾಜರು ಪಟ್ಟಕ್ಕೆ ಬಂದ ಖುಷಿಗೆ ಹೊಸ ಶಕೆಯನ್ನೇ ಶುರು ಮಾಡಿದರು, ಯಾರೂ ಅಸಹಜ ಅನ್ನಲಿಲ್ಲ. ಲೆಕ್ಕ ಕೂಡದಿದ್ದಾಗ ನಮ್ಮ ಜೋಯಿಸರು ಇಡೀ ಒಂದು ತಿಂಗಳನ್ನೇ ತಂದು ತುರುಕಿ ಅಧಿಕ ಮಾಸ ಎಂದರು. ನಾವು ಅದಕ್ಕೂ ಅಡುಗೆ ಮಾಡಿದೆವು! ನಾನು, ಅದೂ ಇಲ್ಲದ ಲೋಕದಲ್ಲಿ, ಒಂದೇ ಒಂದು ದಿನ ಸೇರಿಸಿದರೆ ಸೃಷ್ಟಿಯ ನಿಯಮ ಮುರಿದುಬೀಳುತ್ತದೆ! “ಹಾಗಾದ್ರೆ ನಾಟಕವೇ ಬೇಡ ಬಿಡಿ,” ಅಂದು ಎದ್ದು ಬಂದೆ.

ಸಂಜೆ ಮನೆಗೆ ಬಂದವರು ಸರೋಜಮ್ಮ. ಶ್ರೀಕಂಠಯ್ಯನವರ ಹೆಂಡತಿ, ಗಟ್ಟಿಯಾಗಿ ಕೆಮ್ಮಿದವರೂ ಅಲ್ಲ. ನಾಟಕದಲ್ಲಿ ಅವರದು ಗಡ್ಡ ಕಟ್ಟಿಕೊಂಡು ಪಂಚಾಂಗ ಓದುವ ಆಸ್ಥಾನ ಜೋಯಿಸರ ಪಾತ್ರ.

“ನಾಟಕ ನಿಲ್ಲಿಸ್ಬೇಡಿ ಕಣ್ರೀ,” ಅಂದರು. “ಅವರು ಹೇಳಿದ್ದು ತೆಗೆದ್ಬಿಡಿ, ಪರವಾಗಿಲ್ಲ. ನನಗೆ ಮಾತೆಲ್ಲ ಬಾಯಿಗೆ ಬಂದ್ಬಿಟ್ಟಿದೆ.”

ಅವರ ಮುಖ ನೋಡಿ ಒಪ್ಪಿದೆ. ಆ ಸಾಲುಗಳ ಮೇಲೆ ಗೀಟು ಎಳೆಯುವಾಗ ಕಾಗದ ಹರಿಯಿತು.

ವಾರ್ಷಿಕೋತ್ಸವದ ಸಂಜೆ ಶ್ರೀಕಂಠಯ್ಯನವರು ಮುಖ್ಯ ಅತಿಥಿಗಳ ಪಕ್ಕದಲ್ಲೇ, ಮೊದಲ ಸಾಲಿನಲ್ಲಿ. ಹೆಂಗಸರೆಲ್ಲ ಪಕ್ಕದ ಜಮಖಾನದ ಮೇಲೆ. ಜೋಯಿಸರು ಬಂದು ಮಾಸಗಳನ್ನೆಲ್ಲ ಓದಿದರು. ಅಲ್ಲಿಗೆ ಮಾತು ಮುಗಿಯಬೇಕಿತ್ತು. ಸರೋಜಮ್ಮ ಹೋಗಲಿಲ್ಲ. ಜಾರುತ್ತಿದ್ದ ಗಡ್ಡವನ್ನು ಒಂದು ಕೈಯಲ್ಲಿ ಹಿಡಿದುಕೊಂಡು ಗಂಡನ ಕಡೆ ನೋಡಿದರು.

“ಮಹಾಪ್ರಭು, ಇನ್ನೂ ಒಂದು ದಿನ ಉಳಿದಿದೆ. ಅಂದು ಚಂದ್ರರಿಬ್ಬರೂ ಮಲಗುತ್ತಾರೆ. ಅಂದು ಈ ರಾಜ್ಯದಲ್ಲಿ ಯಾರ ಮನೆಯ ಒಲೆಯೂ ಉರಿಯಕೂಡದು. ಇದು ಶಾಸ್ತ್ರ.”

ಸೈಡ್ ವಿಂಗಿನಲ್ಲಿ ನಿಂತಿದ್ದ ನಾನು ಪರದೆ ಸರಿಸಿ ಇಣುಕಿದೆ. ಜಮಖಾನದಿಂದ ಚಪ್ಪಾಳೆ ಎದ್ದಿತು ನೋಡಿ, ಮಲಗಿದ್ದ ಮಕ್ಕಳೆಲ್ಲ ಎದ್ದು ಅತ್ತವು.

ನಾಟಕ ಮುಗಿದ ಮೇಲೆ ಶ್ರೀಕಂಠಯ್ಯನವರು ಅತಿಥಿಗಳಿಗೆ ಹೇಳುತ್ತಿದ್ದದ್ದು ಕೇಳಿಸಿತು. “ಪಾಪ, ಅದನ್ನ ತೆಗೆಸಿದ್ವಿ ಸಾರ್. ಮರೆತು ಹೇಳ್ಬಿಟ್ಳು.” ಮರೆತು! ನನಗೆ ಇನ್ನೊಮ್ಮೆ ಉರಿಯಿತು. ಹೆಂಗಸೊಬ್ಬಳು ನೆನಪಿಟ್ಟುಕೊಂಡು ಮಾಡಿದ್ದು ಗಂಡಸರ ಲೆಕ್ಕದಲ್ಲಿ ಮರೆವಿನ ಖಾತೆಗೆ ಹೋಗುತ್ತದೆ. ಮುಂದಿನ ವರ್ಷದಿಂದ ಸಂಘದವರು ನನ್ನಿಂದ ನಾಟಕ ಕೇಳಲಿಲ್ಲ, ಆ ಮಾತು ಬೇರೆ.

ವಾರ್ಷಿಕೋತ್ಸವ ಮುಗಿದ ಮುಂದಿನ ಭಾನುವಾರ ಮಧ್ಯಾಹ್ನ ಹಿಟ್ಟು ಬೀಸಿಸಿಕೊಂಡು ಬರುತ್ತಿದ್ದೆ. ಸರೋಜಮ್ಮ ಮನೆಯ ಹಿಂದಿನ ಮೆಟ್ಟಿಲ ಮೇಲೆ, ಹೊಂಗೆಯ ನೆರಳಿನಲ್ಲಿ ಕಾಲು ಚಾಚಿ ಕೂತಿದ್ದರು. ಮಡಿಲಲ್ಲಿ ಆರಿಸಬೇಕಾದ ಅಕ್ಕಿ ಇಲ್ಲ, ಕೈಯಲ್ಲಿ ಬಿಡಿಸಬೇಕಾದ ಅವರೆಕಾಯಿ ಇಲ್ಲ. ಗಾಬರಿಯಾಗಿ, “ಹುಷಾರಿಲ್ವೇನ್ರೀ?” ಅಂದೆ.

“ಚೆನ್ನಾಗಿದೀನಿ. ಇವತ್ತು ಸ್ಟೋವ್ ಹಚ್ಲಿಲ್ಲ ಕಣ್ರೀ.”

“ಅಯ್ಯೋ, ಯಜಮಾನರು?”

“ಮಕ್ಕಳನ್ನ ಕರ್ಕೊಂಡು ಯಶವಂತಪುರದ ಹೋಟ್ಲಿಗೆ ಹೋದ್ರು. ಸಿಟ್ಟೇನೋ ಬಂದಿದೆ. ಬರ್ಲಿ.” ಆಮೇಲೆ ಹೊಂಗೆಯ ಕಡೆ ನೋಡುತ್ತ ಹೇಳಿದರು. “ಮಧ್ಯಾಹ್ನ ಇಷ್ಟು ಉದ್ದ ಇರುತ್ತೆ ಅಂತ ನನಗೆ ಗೊತ್ತೇ ಇರ್ಲಿಲ್ಲ. ಇನ್ನೂ ಮುಗಿದೇ ಇಲ್ಲ ನೋಡಿ.”

ಒಂದು ಲೋಕಕ್ಕೇ ಪಂಚಾಂಗ ಬರೆದವಳು ನಾನು. ಮಧ್ಯಾಹ್ನದ ಉದ್ದ ನನಗೂ ಗೊತ್ತಿರಲಿಲ್ಲ. ಹಿಟ್ಟಿನ ಡಬ್ಬ ಕೆಳಗಿಟ್ಟೆ. ಸರೋಜಮ್ಮ ಸ್ವಲ್ಪ ಸರಿದು ಜಾಗ ಬಿಟ್ಟರು.